ಇಪ್ಪತ್ತೈದು ವರ್ಷ ಊರು ಕಾಣದ ಆಟಗಾರ

ಭಾರತದ ಫುಟ್‌ಬಾಲಿನ ಹಳೆಯ ಸಾಧನೆಗಳನ್ನು ಎಣಿಸುವಾಗ 1956ರ ಮೆಲ್ಬರ್ನ್ ಒಲಿಂಪಿಕ್ಸ್‌ನ ಹೆಸರು ಬಾರದೆ ಇರುವುದಿಲ್ಲ. ಆ ವರ್ಷ ನಮ್ಮ ತಂಡ ಆಸ್ಟ್ರೇಲಿಯವನ್ನು ಅದರ ನೆಲದಲ್ಲಿಯೇ 4–2ರಿಂದ ಸೋಲಿಸಿತು. ಮುಂಬಯಿಯ ನೆವಿಲ್ ಡಿಸೋಜಾ ಒಬ್ಬರೇ ಮೂರು ಗೋಲು ಹೊಡೆದರು. ನಮ್ಮ ನಾಡಿನ ಕೆಂಪಯ್ಯ ಕೂಡ ಆ ತಂಡದಲ್ಲಿದ್ದರು. ಸೆಮಿಫೈನಲ್ ತಲುಪಿ ಭಾರತ ನಾಲ್ಕನೆಯ ಸ್ಥಾನ ಪಡೆಯಿತು. ಒಲಿಂಪಿಕ್ ಫುಟ್‌ಬಾಲಿನಲ್ಲಿ ಅದಕ್ಕಿಂತ ಮೇಲೆ ನಾವು ಏರಿದ್ದೇ ಇಲ್ಲ.

ಈ ಕಥೆಯಲ್ಲಿ ಒಂದು ಸಾಲು ಮಾತ್ರ ಹೆಚ್ಚಿನವರ ನೆನಪಿನಲ್ಲಿಲ್ಲ. ಆಸ್ಟ್ರೇಲಿಯಕ್ಕಿಂತ ಮೊದಲು, ಮೊದಲ ಸುತ್ತಿನಲ್ಲಿ, ಭಾರತ ಎದುರಿಸಬೇಕಾಗಿದ್ದದ್ದು ಹಂಗೇರಿಯನ್ನು. ಆ ಪಂದ್ಯ ನಡೆಯಲಿಲ್ಲ. ಹಂಗೇರಿಯ ತಂಡ ಸ್ಪರ್ಧೆಯಿಂದ ಹಿಂದೆ ಸರಿದಿತ್ತು. ನಮಗೆ ಆಡದೆಯೇ ಗೆಲುವು ಸಿಕ್ಕಿತು. ಹಂಗೇರಿಯ ಇತರ ಕ್ರೀಡಾಪಟುಗಳೇನೋ ಮೆಲ್ಬರ್ನಿಗೆ ಬಂದರು. ಆದರೆ ಅವರಲ್ಲಿ ಹಲವರು ಪಂದ್ಯಗಳು ಮುಗಿದ ಮೇಲೆ ತಾಯ್ನಾಡಿಗೆ ಹಿಂತಿರುಗಲಿಲ್ಲ.

ಅದೇ ದಿನಗಳಲ್ಲಿ ಹಂಗೇರಿಯ ಅತ್ಯುತ್ತಮ ಫುಟ್‌ಬಾಲ್ ಆಟಗಾರರು ಪಶ್ಚಿಮ ಯೂರೋಪಿನ ಹೋಟೆಲುಗಳಲ್ಲಿ ಕುಳಿತು, ಊರಿಗೆ ಹೋಗುವುದೋ ಬಿಡುವುದೋ ಎಂದು ಚಿಂತಿಸುತ್ತಿದ್ದರು. ಅವರ ನಾಯಕ ಫೆರೆಂತ್ಸ್ ಪುಶ್ಕಾಶ್. ಆಟಗಾರನಾಗಿ, ನಿರಾಶ್ರಿತನಾಗಿ, ಮುಂದೆ ತರಬೇತುದಾರನಾಗಿ ಅವನು ಯೂರೋಪು, ಅಮೆರಿಕ, ಏಷ್ಯ, ಆಫ್ರಿಕ, ಆಸ್ಟ್ರೇಲಿಯ ಖಂಡಗಳನ್ನೆಲ್ಲ ಸುತ್ತಿದ. ಹೊರನಾಡಿನಲ್ಲಿ ಬದುಕು ಕಟ್ಟಿಕೊಂಡ ನಮ್ಮಂಥವರು ಅವನ ಚರಿತ್ರೆಯನ್ನು ಅಂಕಿಅಂಶಗಳಿಗಾಗಿ ಮಾತ್ರ ಓದಬೇಕಾಗಿಲ್ಲ. ಒಬ್ಬ ಮನುಷ್ಯನ ಕಸುಬು ಯಾರ ಸೊತ್ತು, ಸರ್ಕಾರದ್ದೋ ಅವನದೋ ಎಂಬ ಪ್ರಶ್ನೆ ಅದರ ಒಳಗೆ ಇದೆ.

ಕಿಶ್ಪೆಶ್ಟಿನ ಹುಡುಗ

ಬುಡಾಪೆಸ್ಟ್ ನಗರದ ಅಂಚಿನಲ್ಲಿ ಕಿಶ್ಪೆಶ್ಟ್ ಎಂಬ ಕೂಲಿಕಾರರ ಬಡಾವಣೆ. 1927ರ ಏಪ್ರಿಲಿನಲ್ಲಿ ಹುಟ್ಟಿದ ಪುಶ್ಕಾಶನ ಕುಟುಂಬ ಜರ್ಮನ್ ಮೂಲದ್ದು. ಮನೆತನದ ಮೊದಲ ಹೆಸರು ಪುರ್ತ್ಸೆಲ್ಡ್. 1937ರಲ್ಲಿ ತಂದೆ ಅದನ್ನು ಬಿಟ್ಟು ಹಂಗೇರಿಯನ್ ಹೆಸರು ಇಟ್ಟುಕೊಂಡ. ಅವರ ಭಾಷೆಯಲ್ಲಿ ‘ಪುಶ್ಕ’ ಎಂದರೆ ಬಂದೂಕು. ಮುಂದೆ ಸ್ಪೇನಿನ ಜನ ಈ ಆಟಗಾರನನ್ನು ‘ಪುಟ್ಟ ಫಿರಂಗಿ’ ಎಂದು ಕರೆದಾಗ ಆ ಹೆಸರಿನ ಅರ್ಥ ಅವರಿಗೆ ಗೊತ್ತಿತ್ತೋ ಇಲ್ಲವೋ, ಹೊಂದಾಣಿಕೆ ಮಾತ್ರ ಸರಿಯಾಗಿಯೇ ಇತ್ತು.

ತಂದೆಯೂ ಕಿಶ್ಪೆಶ್ಟ್ ಕ್ಲಬ್ಬಿನ ಆಟಗಾರ, ಆಮೇಲೆ ತರಬೇತುದಾರ. ಪಕ್ಕದ ಮನೆಯ ಹುಡುಗ ಯೋಝೆಫ್ ಬೊಝಿಕ್ ಬಾಲ್ಯದ ಜೊತೆಗಾರ. ಕ್ಲಬ್ಬಿಗೆ ಸೇರಲು ಹನ್ನೆರಡು ವರ್ಷ ತುಂಬಿರಬೇಕೆಂಬ ನಿಯಮವಿತ್ತು. ವಯಸ್ಸು ಸಾಲದ ಪುಶ್ಕಾಶ್ ಬೇರೊಂದು ಹೆಸರಿನಲ್ಲಿ ಆಡಲು ಶುರುಮಾಡಿದ. ಹಂಗೇರಿಯ ಜನ ಅವನನ್ನು ಕೊನೆಯವರೆಗೂ ‘ಓಚಿ’ ಎಂದೇ ಕರೆದರು. ನಮ್ಮ ಮಾತಿನಲ್ಲಿ ಹೇಳುವುದಾದರೆ ‘ತಮ್ಮ’.

ಕುಳ್ಳ ದೇಹ, ತುಸು ಸ್ಥೂಲ. ತಲೆಯಿಂದ ಚೆಂಡು ಹೊಡೆಯುವುದು ಅಷ್ಟಕ್ಕಷ್ಟೆ. ಬಲಗಾಲನ್ನು ಅವನು ಬಹುಮಟ್ಟಿಗೆ ನಿಲ್ಲುವುದಕ್ಕೆ ಬಳಸುತ್ತಿದ್ದ. ಆದರೆ ಆ ಎಡಗಾಲು! 1943ರಲ್ಲಿ ಹದಿನಾರನೆಯ ವಯಸ್ಸಿಗೆ ಹಿರಿಯರ ತಂಡ ಸೇರಿದ. 1945ರ ಆಗಸ್ಟಿನಲ್ಲಿ ಆಸ್ಟ್ರಿಯದ ವಿರುದ್ಧ ದೇಶದ ಪರವಾಗಿ ಮೊದಲ ಬಾರಿ ಆಡಿ ಗೋಲು ಹೊಡೆದ. ಮುಂದಿನ ಹನ್ನೊಂದು ವರ್ಷಗಳಲ್ಲಿ ಹಂಗೇರಿಗಾಗಿ 85 ಪಂದ್ಯ, 84 ಗೋಲು.

ಸಮವಸ್ತ್ರ ತೊಟ್ಟ ಆಟ

ಎರಡನೆಯ ಮಹಾಯುದ್ಧದ ನಂತರ ಹಂಗೇರಿಯಲ್ಲಿ ಸೋವಿಯತ್ ಮಾದರಿಯ ಕಮ್ಯುನಿಸ್ಟ್ ಆಡಳಿತ ಬಂತು. ಕಾರ್ಖಾನೆ, ಬ್ಯಾಂಕುಗಳಂತೆ ಫುಟ್‌ಬಾಲ್ ಕ್ಲಬ್ಬುಗಳೂ ಸರ್ಕಾರದ ಇಲಾಖೆಗಳ ಪಾಲಾದವು. 1949ರಲ್ಲಿ ಕಿಶ್ಪೆಶ್ಟ್ ಕ್ಲಬ್ಬನ್ನು ರಕ್ಷಣಾ ಇಲಾಖೆ ವಹಿಸಿಕೊಂಡು ಅದಕ್ಕೆ ‘ಹೊನ್ವೇದ್’ ಎಂದು ಹೆಸರಿಟ್ಟಿತು. ಅರ್ಥ, ನಾಡಿನ ರಕ್ಷಕ. ಸೈನ್ಯದ ತಂಡವೆಂದ ಮೇಲೆ ಒಳ್ಳೆಯ ಆಟಗಾರರನ್ನು ಎಲ್ಲೆಲ್ಲಿಂದಲೋ ಸೇನೆಗೆ ಸೇರಿಸಿಕೊಂಡು ತರಿಸುವುದು ಸುಲಭವಾಯಿತು. ಶಾಂದೋರ್ ಕೊಚಿಶ್, ಜೋಲ್ತಾನ್ ತ್ಸಿಬೊರ್ ಹೀಗೆ ಬಂದರು. ಆಟಗಾರರಿಗೆ ಸೈನ್ಯದ ಹುದ್ದೆ, ಹುದ್ದೆಗೆ ತಕ್ಕ ಸಂಬಳ. ಒಂದು ಗುಂಡೂ ಹಾರಿಸದೆ ಪುಶ್ಕಾಶ್ ಮೇಜರ್ ಆದ. ಇಂಗ್ಲಿಷ್ ಪತ್ರಿಕೆಗಳು ಅವನಿಗೆ ‘ನಾಗಾಲೋಟದ ಮೇಜರ್’ ಎಂದು ಹೆಸರು ಕೊಟ್ಟವು. ಅವನು ಓಡುವುದಕ್ಕಿಂತ ಚೆಂಡನ್ನೇ ಓಡಿಸುತ್ತಿದ್ದನೆಂಬುದು ಬೇರೆ ಮಾತು.

ಸರ್ಕಾರಿ ನೌಕರಿಯಲ್ಲಿರುವವರಿಗೆ ಈ ವ್ಯವಸ್ಥೆಯ ಒಳಗುಟ್ಟು ಬಿಡಿಸಿ ಹೇಳಬೇಕಾಗಿಲ್ಲ. ಸವಲತ್ತು ಕೊಡುವ ಕೈಯಲ್ಲೇ ಲಗಾಮೂ ಇರುತ್ತದೆ. ಆಟಗಾರರು ವಿದೇಶಕ್ಕೆ ಹೋಗಬಹುದು; ಊರಿನಲ್ಲಿ ಸಿಗದ ಸಾಮಾನುಗಳನ್ನು ತಂದು ಮಾರಿಕೊಂಡರೆ ಸುಂಕದವರು ಕಣ್ಣುಮುಚ್ಚುತ್ತಿದ್ದರು. ಪುಶ್ಕಾಶ್ ಈ ಸೌಕರ್ಯಗಳನ್ನು ಬೇಡವೆಂದವನಲ್ಲ. ಆದರೆ ಹೋದವರು ತಿರುಗಿ ಬರಲೇಬೇಕು. 1949ರ ಜನವರಿಯಲ್ಲಿ ಲಾಸ್ಲೊ ಕುಬಾಲಾ ಎಂಬ ಪ್ರತಿಭಾವಂತ ಆಟಗಾರ ಸೋವಿಯತ್ ಸೈನಿಕನ ವೇಷದಲ್ಲಿ ಲಾರಿಯೊಂದರಲ್ಲಿ ಗಡಿ ದಾಟಿ ತಪ್ಪಿಸಿಕೊಂಡ. ಬಾರ್ಸಿಲೋನ ಸೇರಿ ಹೆಸರಾದ. ಅದೇ ದಾರಿ ಹಿಡಿಯಲು ಹೋದ ಶಾಂದೋರ್ ಸ್ಯೂಚ್‌ಗೆ ಅದೃಷ್ಟ ಒಲಿಯಲಿಲ್ಲ. ದೇಶದ ಪರವಾಗಿ ಹಲವು ಪಂದ್ಯಗಳನ್ನು ಆಡಿದ್ದ ಅವನನ್ನು ಹಿಡಿದು, ವಿಚಾರಣೆ ನಡೆಸಿ, 1951ರ ಜೂನಿನಲ್ಲಿ ಗಲ್ಲಿಗೇರಿಸಿದರು. ಅವನ ಅಪರಾಧ ಗಡಿ ದಾಟಲು ಯತ್ನಿಸಿದ್ದು. ಪುಶ್ಕಾಶನ ಮುಂದಿನ ನಿರ್ಧಾರವನ್ನು ತೂಗಿ ನೋಡುವಾಗ ಈ ನೇಣನ್ನು ಮರೆಯಬಾರದು.

ಸೋಲರಿಯದ ನಾಲ್ಕು ವರ್ಷ

ಇಂಥ ಬಿಗಿಯ ನಡುವೆಯೇ ಜಗತ್ತು ಕಂಡ ಅತಿ ಸುಂದರ ತಂಡಗಳಲ್ಲೊಂದು ಅರಳಿತೆಂಬುದು ಚರಿತ್ರೆಯ ವಿಚಿತ್ರ. ತರಬೇತುದಾರ ಗುಸ್ತಾವ್ ಶೆಬೆಶ್. ಮುಂಚೂಣಿಯ ನಡು ಆಟಗಾರ ಹಿದೆಗ್ಕುಟಿ ತನ್ನ ಸ್ಥಾನ ಬಿಟ್ಟು ಹಿಂದಕ್ಕೆ ಸರಿದು ಆಡುತ್ತಿದ್ದ. ಅವನನ್ನು ಕಾಯಬೇಕಾದ ಎದುರಾಳಿ, ಹಿಂಬಾಲಿಸಿ ಹೋದರೆ ಗೋಲಿನ ಮುಂದೆ ಜಾಗ ತೆರವಾಗುತ್ತಿತ್ತು. ಹೋಗದಿದ್ದರೆ ಹಿದೆಗ್ಕುಟಿಗೆ ತಡೆಯೇ ಇರಲಿಲ್ಲ. ತೆರವಾದ ಜಾಗಕ್ಕೆ ಪುಶ್ಕಾಶ್, ಕೊಚಿಶ್ ನುಗ್ಗುತ್ತಿದ್ದರು.

1952ರ ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ ಭಾರತ ಯುಗೊಸ್ಲಾವಿಯದ ಎದುರು 1–10ರಿಂದ ಸೋತಿತ್ತು. ನಮ್ಮ ಆ ಒಂಟಿ ಗೋಲನ್ನು ಹೊಡೆದದ್ದು ಬೆಂಗಳೂರಿನ ಅಹ್ಮದ್ ಖಾನ್. ಅದೇ ಯುಗೊಸ್ಲಾವಿಯವನ್ನು ಫೈನಲಿನಲ್ಲಿ 2–0ಯಿಂದ ಸೋಲಿಸಿ ಹಂಗೇರಿ ಚಿನ್ನ ಗೆದ್ದಿತು. ಎರಡು ತಂಡಗಳ ನಡುವಿನ ಅಂತರ ಎಷ್ಟಿತ್ತೆಂಬುದಕ್ಕೆ ಇದೊಂದು ಅಳತೆಗೋಲು.

1953ರ ನವೆಂಬರ್ 25ರಂದು ಲಂಡನ್ನಿನ ವೆಂಬ್ಲಿ ಮೈದಾನದಲ್ಲಿ ಹಂಗೇರಿ ಇಂಗ್ಲೆಂಡನ್ನು 6–3ರಿಂದ ಮಣಿಸಿತು. ಬ್ರಿಟಿಷ್ ದ್ವೀಪಗಳ ಹೊರಗಿನ ಯಾವ ತಂಡಕ್ಕೂ ಇಂಗ್ಲೆಂಡ್ ತನ್ನ ನೆಲದಲ್ಲಿ ಅದುವರೆಗೆ ಸೋತಿರಲಿಲ್ಲ. ಆ ದಿನ ಇಂಗ್ಲೆಂಡಿನ ನಾಯಕ ಬಿಲ್ಲಿ ರೈಟ್ ಚೆಂಡಿಗಾಗಿ ಜಾರಿ ಬಂದಾಗ, ಪುಶ್ಕಾಶ್ ಎಡಗಾಲಿನ ಅಡಿಯಿಂದ ಚೆಂಡನ್ನು ಹಿಂದಕ್ಕೆ ಎಳೆದುಕೊಂಡು, ಮರುಕ್ಷಣದಲ್ಲಿ ಗೋಲಿಗೆ ಬಾರಿಸಿದ. ಚೆಂಡು ಇದ್ದ ಜಾಗಕ್ಕೆ ರೈಟ್ ಬಂದಾಗ ಅಲ್ಲಿ ಹುಲ್ಲು ಮಾತ್ರ ಇತ್ತು. ಆರು ತಿಂಗಳ ಬಳಿಕ ಬುಡಾಪೆಸ್ಟಿನಲ್ಲಿ ಮತ್ತೆ ಇಂಗ್ಲೆಂಡಿಗೆ 7–1ರ ಸೋಲು.

1954ರ ವಿಶ್ವಕಪ್ಪಿನಲ್ಲಿ ಹಂಗೇರಿ ದಕ್ಷಿಣ ಕೊರಿಯಕ್ಕೆ 9 ಗೋಲು, ಪಶ್ಚಿಮ ಜರ್ಮನಿಗೆ 8 ಗೋಲು ಹೊಡೆಯಿತು. ಜರ್ಮನರ ಎದುರಿನ ಆ ಪಂದ್ಯದಲ್ಲಿ ಪುಶ್ಕಾಶನ ಕಾಲಿಗೆ ಪೆಟ್ಟಾಯಿತು. ಜುಲೈ 4ರಂದು ಸ್ವಿಟ್ಜರ್ಲೆಂಡಿನ ಬರ್ನ್ ನಗರದ ವಾಂಕ್‌ಡಾರ್ಫ್ ಮೈದಾನದಲ್ಲಿ ಅದೇ ಜರ್ಮನಿಯೊಡನೆ ಫೈನಲ್. ನೋಯುವ ಕಾಲಿನಲ್ಲೇ ಆಡಿದ ಪುಶ್ಕಾಶ್ ಮೊದಲ ಗೋಲು ಹೊಡೆದ. ಎಂಟು ನಿಮಿಷಗಳಲ್ಲಿ ಹಂಗೇರಿ 2–0 ಮುಂದೆ. ಕೊನೆಗೆ 2–3 ಸೋಲು. ಮುಗಿಯುವ ಹೊತ್ತಿಗೆ ಪುಶ್ಕಾಶ್ ಹೊಡೆದ ಗೋಲನ್ನು ಆಫ್‌ಸೈಡ್ ಎಂದು ತಳ್ಳಿಹಾಕಲಾಯಿತು. ನಾಲ್ಕು ವರ್ಷ ಸೋಲರಿಯದ ತಂಡ ಸೋಲಬಾರದ ದಿನ ಸೋತಿತು.

ಬುಡಾಪೆಸ್ಟಿನ ಬೀದಿಗಳಲ್ಲಿ ಜನ ರೊಚ್ಚಿಗೆದ್ದರು. ಸರ್ಕಾರದ ಮೇಲಿನ ಸಿಟ್ಟನ್ನು ಬಾಯಿಬಿಟ್ಟು ಹೇಳಲಾರದ ಕಾಲದಲ್ಲಿ ಫುಟ್‌ಬಾಲ್ ಸೋಲು ಒಂದು ನೆಪವಾಯಿತು. ಆ ವರ್ಷ ಮುಗಿಯುವ ಮೊದಲೇ ಗೋಲ್‌ಕೀಪರ್ ಗ್ರೊಶಿಚ್‌ನನ್ನು ಬೇಹುಗಾರಿಕೆಯ ಆರೋಪದ ಮೇಲೆ ಬಂಧಿಸಿ, ಆಮೇಲೆ ರಾಜಧಾನಿಯಿಂದ ದೂರದ ಗಣಿ ಪಟ್ಟಣದ ತಂಡಕ್ಕೆ ಕಳಿಸಿದರು. ಗೆದ್ದಾಗ ಹಾರ, ಸೋತಾಗ ವಿಚಾರಣೆ.

ತಿರುಗಿ ಹೋಗದ ತಂಡ

1956ರ ಅಕ್ಟೋಬರ್ 23ರಂದು ಬುಡಾಪೆಸ್ಟಿನಲ್ಲಿ ಕ್ರಾಂತಿ ಹೊತ್ತಿಕೊಂಡಿತು. ನವೆಂಬರ್ 4ರಂದು ಸೋವಿಯತ್ ಟ್ಯಾಂಕುಗಳು ನಗರಕ್ಕೆ ನುಗ್ಗಿ ಅದನ್ನು ಅಡಗಿಸಿದವು. ನವೆಂಬರ್ 1ರಂದು ಹರಿದು ಹಂಚಿಹೋಗಿದ್ದ ಕನ್ನಡ ನಾಡು ಒಂದಾಗಿ ನಾವು ಸಂಭ್ರಮಪಟ್ಟ ವಾರವೇ ಅಲ್ಲಿ ಮನೆಗಳು ಒಡೆಯುತ್ತಿದ್ದವು. ಸುಮಾರು ಎರಡು ಲಕ್ಷ ಜನ ದೇಶ ಬಿಟ್ಟರು. ಒಂದು ಕೋಟಿಗಿಂತ ತುಸು ಕಡಿಮೆ ಜನಸಂಖ್ಯೆಯ ನಾಡಿನಲ್ಲಿ ಅದು ಐವತ್ತು ಮಂದಿಗೆ ಒಬ್ಬರ ಲೆಕ್ಕ. ಹೋರಾಟದಲ್ಲಿ ಪುಶ್ಕಾಶ್ ಸತ್ತನೆಂಬ ಸುದ್ದಿಯೂ ಹಬ್ಬಿತು.

ಅವನು ಬದುಕಿದ್ದ. ಯೂರೋಪಿಯನ್ ಕಪ್ ಪಂದ್ಯಾವಳಿಯಲ್ಲಿ ಸ್ಪೇನಿನ ಅಥ್ಲೆಟಿಕ್ ಬಿಲ್ಬಾವೊ ತಂಡದೊಡನೆ ಆಡಲು ಹೊನ್ವೇದ್ ಹೊರದೇಶಕ್ಕೆ ಬಂದಿತ್ತು. ನವೆಂಬರ್ 22ರಂದು ಬಿಲ್ಬಾವೊದಲ್ಲಿ 2–3ರ ಸೋಲು. ಮರುಪಂದ್ಯ ಬುಡಾಪೆಸ್ಟಿನಲ್ಲಿ ಆಗಬೇಕಿತ್ತು, ಆಗುವಂತಿರಲಿಲ್ಲ. ಡಿಸೆಂಬರ್ 20ರಂದು ಬ್ರಸೆಲ್ಸ್‌ನಲ್ಲಿ ನಡೆಯಿತು. ಗೋಲ್‌ಕೀಪರ್ ಗಾಯಗೊಂಡ, ಬದಲಿ ಆಟಗಾರನನ್ನು ಇಳಿಸುವ ನಿಯಮ ಆಗ ಇರಲಿಲ್ಲ. ಮುಂಚೂಣಿಯ ತ್ಸಿಬೊರ್ ಗೋಲು ಕಾಯಲು ನಿಂತ. 3–3 ಸಮ. ಒಟ್ಟು ಲೆಕ್ಕದಲ್ಲಿ ಒಂದು ಗೋಲಿನಿಂದ ಹೊನ್ವೇದ್ ಹೊರಬಿತ್ತು. ಆಡಲು ಪಂದ್ಯವಿಲ್ಲ, ಹೋಗಲು ಮನೆಯಿಲ್ಲ.

ಪುಶ್ಕಾಶನ ಹೆಂಡತಿ ಪುಟ್ಟ ಮಗಳನ್ನು ಕರೆದುಕೊಂಡು ಗಡಿ ದಾಟಿ ಆಸ್ಟ್ರಿಯ ಸೇರಿದಳು. ಹೊಟ್ಟೆಪಾಡಿಗಾಗಿ ತಂಡ ಸ್ಪೇನ್, ಇಟಲಿಗಳಲ್ಲಿ ಸ್ನೇಹ ಪಂದ್ಯಗಳನ್ನು ಆಡಿತು. 1957ರ ಆರಂಭದಲ್ಲಿ ಬ್ರೆಜಿಲ್‌ನಿಂದ ಕರೆ ಬಂತು. ಹಂಗೇರಿಯ ಫುಟ್‌ಬಾಲ್ ಸಂಸ್ಥೆ ಹೋಗಕೂಡದೆಂದಿತು. ಅಂತರರಾಷ್ಟ್ರೀಯ ಸಂಸ್ಥೆಯಾದ ಫಿಫಾ ಅದಕ್ಕೆ ದನಿಗೂಡಿಸಿತು. ತಂಡ ಹೋಯಿತು. ಆ ಪ್ರವಾಸದ ತರಬೇತುದಾರ ಬೇಲಾ ಗುಟ್‌ಮನ್ ಎಂಬ ಹಂಗೇರಿಯ ಯಹೂದಿ. ಈ ಹೆಸರು ಮುಂದೆಯೂ ಬರುತ್ತದೆ.

ಪ್ರವಾಸ ಮುಗಿಸಿ ವಿಯೆನ್ನಾಕ್ಕೆ ಬಂದ ಮೇಲೆ ತಂಡ ಎರಡಾಯಿತು. ಪಕ್ಕದ ಮನೆಯ ಬೊಝಿಕ್ ಊರಿಗೆ ಮರಳಿದ. ಪುಶ್ಕಾಶ್, ಕೊಚಿಶ್, ತ್ಸಿಬೊರ್ ಮರಳಲಿಲ್ಲ. ಯಾರು ಸರಿ, ಯಾರು ತಪ್ಪು ಎಂದು ಕೇಳುವುದು ಸುಲಭ. ಬೊಝಿಕ್‌ಗೆ ತನ್ನವರು ಅಲ್ಲಿದ್ದರು. ಪುಶ್ಕಾಶನ ಹೆಂಡತಿ ಮಗಳು ಇಲ್ಲಿದ್ದರು. ಇಬ್ಬರೂ ತಮ್ಮ ಮನೆಯವರ ಕಡೆಗೇ ಹೋದರೆಂದು ನನಗೆ ಅನಿಸುತ್ತದೆ. ಆದರೆ ಸರ್ಕಾರದ ಕಡತದಲ್ಲಿ ಒಬ್ಬ ದೇಶಭಕ್ತ, ಇನ್ನೊಬ್ಬ ಸೈನ್ಯ ಬಿಟ್ಟು ಓಡಿದ ಮೇಜರ್.

ಒಂದು ಅಪ್ಪಣೆ, ಖಾಲಿ ಕಾಲ

ಹಂಗೇರಿಯ ದೂರಿನ ಮೇಲೆ ಅವನಿಗೆ ಎರಡು ವರ್ಷ ಆಟದ ನಿಷೇಧ ಬಿತ್ತು. ಇದನ್ನು ಸ್ವಲ್ಪ ನಿಂತು ಯೋಚಿಸಬೇಕು. ಹೊಲಿಗೆಯವನು, ಬಡಗಿ, ಎಂಜಿನಿಯರು ಗಡಿ ದಾಟಿ ಬಂದರೆ ಮರುದಿನವೇ ತಮ್ಮ ಕಸುಬು ಹಿಡಿಯಬಹುದಿತ್ತು. ಫುಟ್‌ಬಾಲ್ ಆಟಗಾರನಿಗೆ ಹಳೆಯ ಯಜಮಾನನ ಒಪ್ಪಿಗೆ ಪತ್ರ ಬೇಕು. ಆ ಯಜಮಾನನಿಂದ ತಪ್ಪಿಸಿಕೊಂಡೇ ಅವನು ಬಂದದ್ದು! ಆಟಗಾರನ ಕಾಲು ಗಡಿಯಾಚೆ ಇದ್ದರೂ ಅದರ ಮೇಲಿನ ಹಕ್ಕು ಗಡಿಯೊಳಗೇ ಉಳಿದಿತ್ತು.

ಪುಶ್ಕಾಶ್ ಆಸ್ಟ್ರಿಯದಲ್ಲಿ, ಬಳಿಕ ಇಟಲಿಯಲ್ಲಿ ದಿನ ಕಳೆದ. ವಯಸ್ಸು ಮೂವತ್ತು ದಾಟಿತು. ಮೈಭಾರ ಹದಿನೆಂಟು ಕಿಲೋದಷ್ಟು ಏರಿತೆನ್ನುತ್ತಾರೆ. ಅವನ ಕಾಲ ಮುಗಿಯಿತೆಂದು ಹೆಚ್ಚಿನವರು ತೀರ್ಮಾನಿಸಿದರು.

ಹಾಗೆ ತಿಳಿಯದ ಒಬ್ಬನಿದ್ದ: ಹೊನ್ವೇದ್ ತಂಡದ ವ್ಯವಹಾರ ನೋಡಿಕೊಳ್ಳುತ್ತಿದ್ದ ಎಮಿಲ್ ಓಸ್ಟರೈಖರ್. ಅವನೂ ದೇಶ ಬಿಟ್ಟು ಸ್ಪೇನಿನ ರಿಯಲ್ ಮ್ಯಾಡ್ರಿಡ್ ಕ್ಲಬ್ಬಿನಲ್ಲಿ ಕೆಲಸ ಹಿಡಿದಿದ್ದ. ಅವನ ಮಾತಿನ ಮೇಲೆ ಕ್ಲಬ್ಬಿನ ಅಧ್ಯಕ್ಷ ಸಾಂಟಿಯಾಗೊ ಬರ್ನಬೆವು, 1958ರಲ್ಲಿ ನಿಷೇಧ ತೆರವಾದೊಡನೆ, ಮೂವತ್ತೊಂದರ ಪುಶ್ಕಾಶನನ್ನು ಸೇರಿಸಿಕೊಂಡ. ಊರು ಬಿಟ್ಟವನಿಗೆ ಊರಿನವನೊಬ್ಬ ಕೆಲಸ ಹುಡುಕಿಕೊಡುವ ಈ ಪದ್ಧತಿ ಮುಂಬಯಿ, ದೆಹಲಿಗಳಿಗೆ ಬಂದಿಳಿದ ನಮ್ಮ ಹಿರಿಯರಿಗೆ ಹೊಸದಲ್ಲ.

ಎರಡನೆಯ ಜನ್ಮ

ಮ್ಯಾಡ್ರಿಡ್ ತಂಡದ ದೊರೆ ಅರ್ಜೆಂಟೀನದಿಂದ ಬಂದ ಆಲ್ಫ್ರೆಡೊ ದಿ ಸ್ಟೆಫಾನೊ. ಅವನೊಡನೆ ಹೊಂದಿಕೊಳ್ಳುವುದು ಎಲ್ಲರಿಗೂ ಆಗುತ್ತಿರಲಿಲ್ಲ. ಮೊದಲ ವರ್ಷದ ಕೊನೆಯಲ್ಲಿ ಇಬ್ಬರ ಗೋಲುಗಳೂ ಸಮವಾಗಿದ್ದಾಗ, ತಾನೇ ಹೊಡೆಯಬಹುದಾಗಿದ್ದ ಚೆಂಡನ್ನು ಪುಶ್ಕಾಶ್ ದಿ ಸ್ಟೆಫಾನೊಗೆ ಬಿಟ್ಟುಕೊಟ್ಟನೆಂದು ಒಂದು ಕಥೆಯಿದೆ. ಹೊಸ ಕಚೇರಿಗೆ ಸೇರಿದವನ ವಿವೇಕ ಇದು. ಆ ವರ್ಷ ಹೆಚ್ಚು ಗೋಲಿನ ಗೌರವ ದಿ ಸ್ಟೆಫಾನೊಗೆ ಹೋಯಿತು. ಮುಂದೆ 1960, 1961, 1963, 1964ರಲ್ಲಿ ಅದು ಪುಶ್ಕಾಶನ ಪಾಲಾಯಿತು. ಸ್ಪೇನಿನ ಲೀಗಿನಲ್ಲಿ 180 ಪಂದ್ಯ, 156 ಗೋಲು. 1961ರಿಂದ 1965ರವರೆಗೆ ಸತತ ಐದು ಲೀಗ್ ಪ್ರಶಸ್ತಿ. ಇದೆಲ್ಲ ಮುಗಿದವನೆಂದು ಬದಿಗಿಟ್ಟವನ ಗಳಿಕೆ.

1960ರ ಮೇ 18ರಂದು ಸ್ಕಾಟ್ಲೆಂಡಿನ ಗ್ಲಾಸ್ಗೊದಲ್ಲಿ ಯೂರೋಪಿಯನ್ ಕಪ್ ಫೈನಲ್. ಎದುರಾಳಿ ಜರ್ಮನಿಯ ಐನ್‌ಟ್ರಾಕ್ಟ್ ಫ್ರಾಂಕ್‌ಫರ್ಟ್. 1954ರಲ್ಲಿ ಜರ್ಮನರು ಮದ್ದು ಸೇವಿಸಿ ಆಡಿದರೆಂದು ಪುಶ್ಕಾಶ್ ಹಿಂದೆ ಆರೋಪಿಸಿದ್ದ. ಆದ್ದರಿಂದ ಅವನಿರುವ ತಂಡದೊಡನೆ ಜರ್ಮನ್ ತಂಡಗಳು ಆಡಬಾರದೆಂಬ ತಡೆಯಿತ್ತು. ಅವನು ಕ್ಷಮೆಯ ಪತ್ರ ಬರೆದುಕೊಟ್ಟ ಮೇಲೆ ಪಂದ್ಯ ನಡೆಯಿತು. ಒಂದು ಲಕ್ಷ ಇಪ್ಪತ್ತೇಳು ಸಾವಿರಕ್ಕೂ ಹೆಚ್ಚು ಪ್ರೇಕ್ಷಕರ ಮುಂದೆ ಮ್ಯಾಡ್ರಿಡ್ 7–3ರಿಂದ ಗೆದ್ದಿತು. ದಿ ಸ್ಟೆಫಾನೊ ಮೂರು, ಪುಶ್ಕಾಶ್ ನಾಲ್ಕು.

ಅವನ ಜೊತೆ ಹೊರಟ ಕೊಚಿಶ್ ಮತ್ತು ತ್ಸಿಬೊರ್ ಬಾರ್ಸಿಲೋನ ಸೇರಿ ಕುಬಾಲಾನ ಜೊತೆಗೂಡಿದ್ದರು. 1961ರಲ್ಲಿ ಬಾರ್ಸಿಲೋನ ಯೂರೋಪಿಯನ್ ಕಪ್ ಫೈನಲಿಗೆ ಬಂತು. ಮೈದಾನ ಯಾವುದು? ಬರ್ನ್ ನಗರದ ಅದೇ ವಾಂಕ್‌ಡಾರ್ಫ್. ಇಬ್ಬರೂ ಒಂದೊಂದು ಗೋಲು ಹೊಡೆದರು. ಬಾರ್ಸಿಲೋನದ ಹೊಡೆತಗಳು ಮತ್ತೆ ಮತ್ತೆ ಗೋಲಿನ ಕಂಬಕ್ಕೆ ತಾಗಿ ಹಿಂದೆ ಬಂದವು. ಫಲಿತಾಂಶ ಮತ್ತೆ 2–3. ಗೆದ್ದ ಬೆನ್‌ಫಿಕಾ ತಂಡದ ತರಬೇತುದಾರ, ಅವರನ್ನು ಬ್ರೆಜಿಲ್‌ಗೆ ಕರೆದೊಯ್ದಿದ್ದ ಗುಟ್‌ಮನ್. ಮರುವರ್ಷದ ಫೈನಲಿನಲ್ಲಿ ಪುಶ್ಕಾಶ್ ಮೂರು ಗೋಲು ಹೊಡೆದೂ ಮ್ಯಾಡ್ರಿಡ್ ಅದೇ ಗುಟ್‌ಮನ್‌ನ ಬೆನ್‌ಫಿಕಾಗೆ 3–5ರಿಂದ ಸೋತಿತು. ಪಂದ್ಯ ಮುಗಿದ ಮೇಲೆ ಪುಶ್ಕಾಶ್ ತನ್ನ ಅಂಗಿಯನ್ನು ಎದುರು ತಂಡದ ಇಪ್ಪತ್ತರ ಹುಡುಗ ಯುಸೆಬಿಯೊಗೆ ಕೊಟ್ಟ.

ಅವನು ಸ್ಪೇನಿನ ಪೌರನಾದ. 1962ರ ವಿಶ್ವಕಪ್ಪಿನಲ್ಲಿ ಸ್ಪೇನಿನ ಪರವಾಗಿ ಆಡಿದ. ಆ ದೇಶಕ್ಕಾಗಿ ಒಟ್ಟು 4 ಪಂದ್ಯ. ಗೋಲು ಒಂದೂ ಇಲ್ಲ. 85ಕ್ಕೆ 84ರ ಪಕ್ಕದಲ್ಲಿ ಈ ಸೊನ್ನೆಯನ್ನು ಇಟ್ಟು ತಾಯ್ನಾಡಿನ ಮಹಿಮೆ ಎಂದು ಭಾಷಣ ಮಾಡಬಹುದು. ಸರಳ ಕಾರಣವೆಂದರೆ ಅವನಿಗಾಗಲೇ ಮೂವತ್ತೈದು.

ಗ್ರೀಕರ ಸಂಘದ ತರಬೇತುದಾರ

1966ರಲ್ಲಿ ಆಟ ನಿಲ್ಲಿಸಿದ ಮೇಲೆ ಅವನ ಪಯಣ ಇನ್ನೂ ದೊಡ್ಡದಾಯಿತು. ಉತ್ತರ ಅಮೆರಿಕದಲ್ಲಿ ತರಬೇತಿ ಕೊಟ್ಟ. ಗ್ರೀಸಿನ ಪನಥಿನೈಕೋಸ್ ತಂಡವನ್ನು 1971ರಲ್ಲಿ ಯೂರೋಪಿಯನ್ ಕಪ್ ಫೈನಲಿಗೆ ತಂದ. ಗ್ರೀಸಿನ ಬೇರೆ ಯಾವ ತಂಡವೂ ಆ ಮಟ್ಟ ಮುಟ್ಟಿಲ್ಲ. ಫೈನಲ್ ನಡೆದದ್ದು ಅವನಿಗೆ ಪರಿಚಿತವಾದ ವೆಂಬ್ಲಿಯಲ್ಲಿ. ಅಯಾಕ್ಸ್ ಎದುರು 0–2 ಸೋಲು. ಬಳಿಕ ಚಿಲಿ, 1970ರ ದಶಕದ ನಡುವಿನಲ್ಲಿ ಸೌದಿ ಅರೇಬಿಯದ ರಾಷ್ಟ್ರೀಯ ತಂಡ, ಮತ್ತೆ ಗ್ರೀಸ್, ಈಜಿಪ್ಟಿನ ಪೋರ್ಟ್ ಸೈದ್ ನಗರದ ಅಲ್ ಮಸ್ರಿ, ಪರಾಗ್ವೇ. ಎಲ್ಲಿ ಕರೆದರೂ ಹೋದ. ಅವನ ಹೆಸರು ಕೇಳದ ಊರು ಇರಲಿಲ್ಲ.

1989ರಲ್ಲಿ ಅವನು ಮೆಲ್ಬರ್ನಿಗೆ ಬಂದ. ಸೌತ್ ಮೆಲ್ಬರ್ನ್ ಹೆಲ್ಲಾಸ್ ಎಂಬ ಕ್ಲಬ್ ಗ್ರೀಸಿನಿಂದ ಹೊಟ್ಟೆಪಾಡಿಗೆ ವಲಸೆ ಬಂದವರು ಕಟ್ಟಿಕೊಂಡದ್ದು. ವಾರವಿಡೀ ಪರಭಾಷೆಯಲ್ಲಿ ದುಡಿದವರು ರಜಾದಿನ ತಮ್ಮ ಭಾಷೆ ಕೇಳಲು, ಮಕ್ಕಳಿಗೆ ಅದನ್ನು ಕೇಳಿಸಲು ಅಲ್ಲಿಗೆ ಬರುತ್ತಿದ್ದರು. ಫುಟ್‌ಬಾಲ್ ಇದ್ದದ್ದೊಂದೇ ವ್ಯತ್ಯಾಸ. ಉಳಿದಂತೆ ಅದು ನಮ್ಮ ಕನ್ನಡ ಸಂಘಗಳಂಥದ್ದೇ. ಹಂಗೇರಿಯ ನಿರಾಶ್ರಿತ ತಾನು ಗ್ರೀಸಿನಲ್ಲಿ ಕಲಿತ ಗ್ರೀಕ್ ಮಾತಿನಲ್ಲಿ ಅಲ್ಲಿ ಪಾಠ ಹೇಳಿದ. ಇಂಗ್ಲಿಷ್ ಸಾಲದಾದಾಗ ದುಭಾಷಿಯಾಗಿ ನಿಂತವನು ತಂಡದ ತರುಣ ನಾಯಕ ಆಂಜ್ ಪೋಸ್ಟೆಕೊಗ್ಲು. ಅವನೂ ಐದನೆಯ ವಯಸ್ಸಿನಲ್ಲಿ ಗ್ರೀಸಿನಿಂದ ತಂದೆತಾಯಿಯ ಜೊತೆ ಬಂದವನು. ಪುಶ್ಕಾಶನನ್ನು ಕಾರಿನಲ್ಲಿ ಕರೆದೊಯ್ಯುವ ಕೆಲಸವೂ ಅವನದೇ. 1991ರಲ್ಲಿ ಆ ತಂಡ ಆಸ್ಟ್ರೇಲಿಯದ ಚಾಂಪಿಯನ್ ಆಯಿತು. ಫೈನಲಿನಲ್ಲಿ ಸೋತದ್ದು ಮೆಲ್ಬರ್ನ್ ಕ್ರೊಯೇಷಿಯ, ಇನ್ನೊಂದು ವಲಸಿಗರ ಕ್ಲಬ್.

ಆ ಪೋಸ್ಟೆಕೊಗ್ಲು ಮುಂದೆ ದೊಡ್ಡ ತರಬೇತುದಾರನಾಗಿ 2025ರ ಮೇ ತಿಂಗಳಲ್ಲಿ ಇಂಗ್ಲೆಂಡಿನ ಟಾಟನ್‌ಹ್ಯಾಮ್ ತಂಡಕ್ಕೆ ಯೂರೋಪ ಲೀಗ್ ಗೆದ್ದುಕೊಟ್ಟ. ಆ ಫೈನಲ್ ನಡೆದ ಊರು ಬಿಲ್ಬಾವೊ. 1956ರ ನವೆಂಬರಿನಲ್ಲಿ ಹೊನ್ವೇದ್ ತಂಡ, ಸುಟ್ಟುಹೋಗುತ್ತಿದ್ದ ತನ್ನ ನಗರವನ್ನು ಹಿಂದೆ ಬಿಟ್ಟು ಬಂದು ಆಡಿದ ಅದೇ ಬಿಲ್ಬಾವೊ.

ತಡವಾಗಿ ತೆರೆದ ಬಾಗಿಲು

ಹಂಗೇರಿಯಲ್ಲಿ ಈ ಮಧ್ಯೆ ಏನಾಗಿತ್ತು? ದೇಶಬಿಟ್ಟವನ ಹೆಸರನ್ನು ಸಾರ್ವಜನಿಕವಾಗಿ ಹೊಗಳುವಂತಿರಲಿಲ್ಲ. ಜನ ಮರೆತಿರಲಿಲ್ಲ. 1981ರಲ್ಲಿ, ಇಪ್ಪತ್ತೈದು ವರ್ಷಗಳ ನಂತರ, ಮೊದಲ ಬಾರಿ ಅವನು ಬುಡಾಪೆಸ್ಟಿಗೆ ಕಾಲಿಟ್ಟ. ಹಳೆಯ ಆಟಗಾರರ ಪಂದ್ಯದಲ್ಲಿ ದಪ್ಪ ಹೊಟ್ಟೆಯ, ಐವತ್ತನಾಲ್ಕರ ‘ತಮ್ಮ’ನನ್ನು ಜನ ಕಣ್ತುಂಬ ನೋಡಿದರು. ಆದರೆ ಪಕ್ಕದ ಮನೆಯ ಬೊಝಿಕ್ ಆಗ ಇರಲಿಲ್ಲ. ಅವನು 1978ರಲ್ಲಿ ತೀರಿಕೊಂಡಿದ್ದ. ಹೊರನಾಡಿನಲ್ಲಿ ಬಾಳಿದವರಿಗೆ ಈ ಒಂದು ಸಾಲು ಸಾಕು. ಬಾಗಿಲು ತೆರೆಯುವ ಹೊತ್ತಿಗೆ ಒಳಗಿರಬೇಕಾದವರು ಇರುವುದಿಲ್ಲ.

1989ರಲ್ಲಿ ಕಮ್ಯುನಿಸ್ಟ್ ಆಡಳಿತ ಮುಗಿಯಿತು. 1990ರ ದಶಕದ ಆರಂಭದಲ್ಲಿ ಪುಶ್ಕಾಶ್ ಊರಿನಲ್ಲೇ ನೆಲೆಸಲು ಬಂದ; 1993ರಲ್ಲಿ ಸ್ವಲ್ಪ ಕಾಲ ರಾಷ್ಟ್ರೀಯ ತಂಡಕ್ಕೆ ತರಬೇತಿ ಕೊಟ್ಟ. 2000ದಲ್ಲಿ ಅವನಿಗೆ ನೆನಪು ಅಳಿಸುವ ಆಲ್ಝೈಮರ್ ಕಾಯಿಲೆ ಇರುವುದು ತಿಳಿಯಿತು. 2002ರಲ್ಲಿ ದೇಶದ ದೊಡ್ಡ ಕ್ರೀಡಾಂಗಣಕ್ಕೆ ಅವನ ಹೆಸರಿಟ್ಟರು. ದೇಶ ಅವನನ್ನು ನೆನೆಯತೊಡಗಿದ ಕಾಲಕ್ಕೆ ಅವನು ದೇಶವನ್ನೇ ಮರೆಯತೊಡಗಿದ್ದ. 2006ರ ನವೆಂಬರ್ 17ರಂದು ಬುಡಾಪೆಸ್ಟಿನಲ್ಲಿ ಕೊನೆಯುಸಿರೆಳೆದ. ಸರ್ಕಾರಿ ಗೌರವದೊಡನೆ ನಗರದ ಸಂತ ಸ್ಟೀಫನ್ ಮಹಾದೇವಾಲಯದಲ್ಲಿ ಸಮಾಧಿ ಮಾಡಿದರು. ಒಮ್ಮೆ ಅವನನ್ನು ನಿಷೇಧಿಸಿದ್ದ ಫಿಫಾ, 2009ರಿಂದ ವರ್ಷದ ಅತಿ ಸುಂದರ ಗೋಲಿಗೆ ಅವನ ಹೆಸರಿನಲ್ಲಿ ಬಹುಮಾನ ಕೊಡುತ್ತಿದೆ.

ಈ ಬಗೆಯ ಕಥೆಯನ್ನು ನ್ಯಾಯ ಗೆದ್ದಿತೆಂದು ಮುಗಿಸುವ ವಾಡಿಕೆಯಿದೆ. ಗೆದ್ದದ್ದು ನ್ಯಾಯವೇ ಎಂದು ಕೇಳಿಕೊಳ್ಳಬೇಕು. ಪುಶ್ಕಾಶನಿಗೆ ಆ ಎಡಗಾಲು ಇತ್ತು. ಅದಕ್ಕಾಗಿ ಮ್ಯಾಡ್ರಿಡ್ ಬಾಗಿಲು ತೆರೆಯಿತು, ಅಥೆನ್ಸ್ ಕರೆಯಿತು, ರಿಯಾದ್ ಸಂಬಳ ಕೊಟ್ಟಿತು. ಅವನ ಜೊತೆ ಗಡಿ ದಾಟಿದ ಎರಡು ಲಕ್ಷ ಮಂದಿಗೆ ಇದ್ದದ್ದು ಸಾಧಾರಣ ಕೈಕಾಲುಗಳು. ಅವರ ಹೆಸರಿನ ಕ್ರೀಡಾಂಗಣವಿಲ್ಲ. ಗಡಿ ದಾಟಲಾಗದ ಶಾಂದೋರ್ ಸ್ಯೂಚ್‌ನ ಶಿಕ್ಷೆಯನ್ನು 1989ರಲ್ಲಿ ರದ್ದುಗೊಳಿಸಿದರು. ನೇಣು ಹಾಕಿದ ಮೂವತ್ತೆಂಟು ವರ್ಷಗಳ ನಂತರ!

ನಾವು ಊರು ಬಿಟ್ಟದ್ದು ನೌಕರಿಗಾಗಿ, ವರ್ಗಾವಣೆಯ ಆದೇಶ ಹಿಡಿದು. ರಜೆ ಮಂಜೂರಾದರೆ ರೈಲು ಹತ್ತಿ ಹುಬ್ಬಳ್ಳಿಗೋ ಮಂಗಳೂರಿಗೋ ಹೋಗಿ ಬರುತ್ತೇವೆ. ಟಿಕೆಟ್ಟು ಸಿಗಲಿಲ್ಲವೆಂದು ಗೊಣಗುತ್ತೇವೆ. ನಮ್ಮನ್ನು ಅವನ ಜೊತೆ ಹೋಲಿಸಿಕೊಳ್ಳುವುದು ಸಲ್ಲದು. ಆದರೆ ನಮ್ಮ ನಗರಗಳಿಗೆ ಬರುವ ಪ್ರತಿಯೊಬ್ಬ ಹೊರಗಿನವನನ್ನು ನೋಡುವಾಗ ಒಂದು ವಿಷಯ ನೆನಪಿಡಬಹುದು: ಅವನು ಏನು ಬಲ್ಲ ಎಂದು ಕೇಳುವುದಕ್ಕೆ ಮೊದಲು, ಬೇಕೆಂದಾಗ ಅವನು ಊರಿಗೆ ಹೋಗಿ ಬರಬಲ್ಲನೇ ಎಂದು ಕೇಳಬೇಕು. ಹೋಗಿ ಬರಬಲ್ಲವನು ವಲಸಿಗ. ಹೋಗಲಾರದವನು ನಿರಾಶ್ರಿತ. ಯೂರೋಪನ್ನೇ ಗೆದ್ದ ಪುಶ್ಕಾಶ್ ಇಪ್ಪತ್ತೈದು ವರ್ಷ ಆ ಎರಡನೆಯ ಸಾಲಿನಲ್ಲೇ ಇದ್ದ.